ಸಿನಿಮಾ ರಾಣಿ ಟಿ.ಪಿ. ರಾಜಲಕ್ಷ್ಮಿ

ಸಿನಿಮಾ ಅಂದ್ರೆ ಯಾರಿಗೆ ಇಷ್ಟ ಇಲ್ಲ ಹೇಳಿ? ಹೀರೋ ಯಾರು ಅಂತ ಕೇಳಿದ್ರೆ ನಮ್ಮ ಕ್ಲಾಸಿನಲ್ಲಿ ಎಲ್ಲರ ಕೈಯೂ ಮೇಲೆ ಹೋಗುತ್ತದೆ. ಡೈರೆಕ್ಟರ್ ಯಾರು ಅಂದ್ರೆ ಅರ್ಧ ಕೈಗಳು ಇಳಿಯುತ್ತವೆ. ಹೆಂಗಸರು ಡೈರೆಕ್ಟರ್ ಆಗಿರುವ ಒಂದು ಸಿನಿಮಾದ ಹೆಸರು ಹೇಳಿ ಅಂದ್ರೆ ಎಲ್ಲರೂ ಕಿಟಕಿ ಕಡೆ ನೋಡುತ್ತಾರೆ. ನಾನೂ ಹಾಗೇ ನೋಡುತ್ತಿದ್ದೆ. ಆದರೆ 1936ನೇ ಇಸವಿಯಲ್ಲೇ, ಅಂದರೆ ನಮ್ಮ ಅಜ್ಜ ಅಜ್ಜಿಯರು ಹುಟ್ಟುವುದಕ್ಕೂ ಮುಂಚೆ, ಒಬ್ಬ ಹೆಣ್ಣುಮಗಳು ತಾನೇ ಕಥೆ ಬರೆದು, ತಾನೇ ದುಡ್ಡು ಹಾಕಿ, ತಾನೇ ನಾಯಕಿಯಾಗಿ, ತಾನೇ ನಿರ್ದೇಶನವನ್ನೂ ಮಾಡಿ ಒಂದು ಸಿನಿಮಾ ತೆಗೆದಿದ್ದರು. ಅವರೇ ಟಿ.ಪಿ. ರಾಜಲಕ್ಷ್ಮಿ. ದಕ್ಷಿಣ ಭಾರತದ ಮೊಟ್ಟಮೊದಲ ಮಹಿಳಾ ನಿರ್ದೇಶಕಿ. ತಮಿಳಿನ ಮೊದಲ ಮಾತಾಡುವ ಚಿತ್ರದ ನಾಯಕಿಯೂ ಅವರೇ. ತಮಿಳು ಜನ ಅವರನ್ನು ಸಿನಿಮಾ ರಾಣಿ ಎಂದು ಕರೆದರು. ಆದರೆ ರಾಣಿಯಾಗುವುದಕ್ಕಿಂತ ಮುಂಚೆ ಅವರು ಗಂಡನ ಮನೆಯಿಂದ ವಾಪಸ್ ಕಳಿಸಲ್ಪಟ್ಟ ಒಂದು ಸಣ್ಣ ಹುಡುಗಿಯಾಗಿದ್ದರು. ಅಲ್ಲಿಂದಲೇ ಹೇಳುತ್ತೇನೆ.

ರಾಜಲಕ್ಷ್ಮಿ ಹುಟ್ಟಿದ್ದು 1911ರ ನವೆಂಬರ್ 11ರಂದು, ತಂಜಾವೂರು ಜಿಲ್ಲೆಯ ಸಾಲಿಯಮಂಗಲಂ ಎಂಬ ಊರಿನಲ್ಲಿ. ಅವರ ಹೆಸರಿನ ಮುಂದಿರುವ ಟಿ ಅಂದರೆ ತಿರುವೈಯಾರು. ಸಂಗೀತ ಗೊತ್ತಿರುವವರಿಗೆ ಈ ಊರು ಗೊತ್ತಿರುತ್ತದೆ, ತ್ಯಾಗರಾಜರು ಬಾಳಿ ಸಮಾಧಿಯಾದ ಕಾವೇರಿ ತೀರದ ಊರು ಅದು. ನಮ್ಮ ಕೊಡಗಿನಲ್ಲಿ ಹುಟ್ಟಿದ ಕಾವೇರಿಯೇ ಅಲ್ಲಿಗೂ ಹೋಗುವುದು. ಪಿ ಅಂದರೆ ತಂದೆಯ ಹೆಸರು, ಪಂಚಾಪಕೇಶ ಶಾಸ್ತ್ರಿಗಳು. ಅವರು ಊರಿನ ಕರ್ಣಂ, ಅಂದರೆ ನಮ್ಮ ಕಡೆ ಶಾನುಭೋಗರು ಅಂತ ಕರೆಯುತ್ತಿದ್ದರಲ್ಲ, ಆ ಕೆಲಸ. ರಾಜಲಕ್ಷ್ಮಿಗೆ ಒಳ್ಳೆಯ ಕಂಠ ಇತ್ತು. ಒಂದು ಸಲ ಕೇಳಿದ ಹಾಡನ್ನು ಹಾಗೇ ಹಾಡಿಬಿಡುತ್ತಿದ್ದರು.

ಏಳೆಂಟು ವರ್ಷಕ್ಕೆಲ್ಲ ಅವರಿಗೆ ಮದುವೆ ಆಯಿತು. ಏಳೆಂಟು ವರ್ಷ ಅಂದ್ರೆ ನಮ್ಮ ಶಾಲೆಯ ಎರಡನೇ ಮೂರನೇ ಕ್ಲಾಸಿನ ಮಕ್ಕಳು, ಬೆಳಿಗ್ಗೆ ಪ್ರಾರ್ಥನೆಗೆ ಮುಂದಿನ ಸಾಲಿನಲ್ಲಿ ನಿಲ್ಲುತ್ತಾರಲ್ಲ, ಅವರಷ್ಟೇ. ಆಗ ಅದು ತಪ್ಪು ಅಂತ ಯಾರಿಗೂ ಅನ್ನಿಸುತ್ತಿರಲಿಲ್ಲ, ಕಾನೂನೂ ಇರಲಿಲ್ಲ. ಬಾಲ್ಯವಿವಾಹವನ್ನು ತಡೆಯುವ ಶಾರದಾ ಕಾಯ್ದೆ ಪಾಸಾಗಿದ್ದೇ 1929ರಲ್ಲಿ. ಅದರಲ್ಲೂ ಹುಡುಗಿಗೆ 14 ವರ್ಷ ಆದರೆ ಸಾಕು ಅಂತ ಇತ್ತು. ರಾಜಲಕ್ಷ್ಮಿಯ ಮದುವೆ ನಿಲ್ಲಲಿಲ್ಲ. ವರದಕ್ಷಿಣೆಯ ತಕರಾರು ಬಂತು, ಹುಡುಗಿಯನ್ನು ತವರಿಗೆ ಕಳಿಸಿಬಿಟ್ಟರು. ಸ್ವಲ್ಪ ಕಾಲದಲ್ಲೇ ತಂದೆಯೂ ತೀರಿಕೊಂಡರು. ಮನೆಯಲ್ಲಿ ಉಳಿದದ್ದು ತಾಯಿ, ಮತ್ತು ಊರವರ ಕಣ್ಣಿಗೆ ಬಾಳು ಮುಗಿದುಹೋದ ಮಗಳು. ಆಗಿನ ಕಾಲದಲ್ಲಿ ಬ್ರಾಹ್ಮಣರ ಮನೆಯ ಅಂಥ ಹುಡುಗಿ ಅಡುಗೆಮನೆ ಮೂಲೆ ಬಿಟ್ಟು ಹೊರಗೆ ಬರುವ ಹಾಗಿರಲಿಲ್ಲ. ಎಂ.ಕೆ. ಇಂದಿರಾ ಅವರ ‘ಫಣಿಯಮ್ಮ’ ಕಾದಂಬರಿ ಓದಿದವರಿಗೆ ನಾನು ಹೇಳುವುದು ಅರ್ಥವಾಗುತ್ತದೆ.

ಆದರೆ ತಾಯಿ ಮೂಲೆಯಲ್ಲಿ ಕೂರಲಿಲ್ಲ, ಮಗಳನ್ನೂ ಕೂರಿಸಲಿಲ್ಲ. ಊರು ಬಿಟ್ಟು ತಿರುಚಿನಾಪಳ್ಳಿಗೆ ಬಂದರು. ಹೊಟ್ಟೆಪಾಡಿಗೆ ಏನಾದರೂ ಮಾಡಲೇಬೇಕಾಗಿತ್ತು. ಮಗಳ ಹತ್ತಿರ ಇದ್ದದ್ದು ಕಂಠ ಒಂದೇ. ಆಗ ಅಲ್ಲಿ ಸಾಮಣ್ಣ ಎಂಬವರ ನಾಟಕ ಕಂಪನಿ ಇತ್ತು. ತಮಿಳು ನಾಟಕದ ದೊಡ್ಡ ಗುರುಗಳಾದ ಶಂಕರದಾಸ ಸ್ವಾಮಿಗಳು ಈ ಹುಡುಗಿಯ ಹಾಡು ಮೆಚ್ಚಿದರು, ಕಂಪನಿಗೆ ಸೇರುವುದಕ್ಕೆ ಆಶೀರ್ವಾದ ಮಾಡಿದರು. ಹನ್ನೊಂದು ವರ್ಷದ ಸುಮಾರಿಗೆ ರಾಜಲಕ್ಷ್ಮಿ ಬಣ್ಣ ಹಚ್ಚಿದರು.

ಇದು ಎಷ್ಟು ದೊಡ್ಡ ವಿಷಯ ಅಂತ ನಮಗೆ ಬೇಗ ಗೊತ್ತಾಗುವುದಿಲ್ಲ. ಆಗ ನಾಟಕಕ್ಕೆ ಜನ ಮುಗಿಬಿದ್ದು ಹೋಗುತ್ತಿದ್ದರು, ಆದರೆ ನಾಟಕದವರನ್ನು ಮನೆಯೊಳಗೆ ಕರೆಯುತ್ತಿರಲಿಲ್ಲ. ಬಹಳಷ್ಟು ಕಂಪನಿಗಳಲ್ಲಿ ಹೆಣ್ಣು ಪಾರ್ಟನ್ನು ಹುಡುಗರೇ ಮಾಡುತ್ತಿದ್ದರು. ನಮ್ಮೂರ ಜಾತ್ರೆ ನಾಟಕದಲ್ಲಿ ದ್ರೌಪದಿ ಪಾರ್ಟು ಈಗಲೂ ಯಾರು ಮಾಡುತ್ತಾರೆ ಅಂತ ಎಲ್ಲರಿಗೂ ಗೊತ್ತೇ ಇದೆ, ಮೀಸೆ ಬೋಳಿಸಿಕೊಂಡ ಮೇಲೆ ಅವರನ್ನು ಅವರ ನಾಯಿಯೂ ಗುರುತಿಸುವುದಿಲ್ಲ. ಇಂಥ ಕಾಲದಲ್ಲಿ ಗಂಡ ಬಿಟ್ಟ ಬ್ರಾಹ್ಮಣರ ಹುಡುಗಿ ಪೆಟ್ರೋಮ್ಯಾಕ್ಸ್ ಬೆಳಕಿನಲ್ಲಿ ನಿಂತು ಸಾವಿರ ಜನರ ಮುಂದೆ ಹಾಡುವುದು ಅಂದರೆ! ನೆಂಟರು ಏನೆಲ್ಲ ಅಂದಿರಬಹುದು ಅಂತ ಬರೆಯುವುದೇ ಬೇಡ, ನೀವೇ ಊಹೆ ಮಾಡಿಕೊಳ್ಳಿ.

ಕಂಪನಿ ನಾಟಕದ ಕಲಿಕೆ ಸುಲಭದ್ದಲ್ಲ. ಮೈಕು ಇರಲಿಲ್ಲ. ಕೊನೇ ಸಾಲಿನಲ್ಲಿ ನೆಲದ ಮೇಲೆ ಕೂತವರಿಗೂ ಕೇಳುವ ಹಾಗೆ ಹಾಡಬೇಕು. ಹಾಡು ಚೆನ್ನಾಗಿದ್ದರೆ ಜನ ಒನ್ಸ್ ಮೋರ್ ಅಂತ ಕೂಗುತ್ತಾರೆ, ಸತ್ತು ಬಿದ್ದ ಪಾತ್ರ ಕೂಡ ಎದ್ದು ಇನ್ನೊಂದು ಸಲ ಹಾಡಬೇಕು. ರಾತ್ರಿ ಶುರುವಾದ ನಾಟಕ ಬೆಳಗಿನ ಜಾವದ ತನಕ ನಡೆಯುತ್ತಿತ್ತು. ರಾಜಲಕ್ಷ್ಮಿ ಇದನ್ನೆಲ್ಲ ಕಲಿತರು. ಎಸ್.ಜಿ. ಕಿಟ್ಟಪ್ಪ, ಎಂ.ಕೆ. ತ್ಯಾಗರಾಜ ಭಾಗವತರ್ ಇಂಥ ಹೆಸರುವಾಸಿ ಹಾಡುಗಾರ ನಟರ ಎದುರು ನಾಯಕಿಯಾಗಿ ನಿಂತು ಹಾಡುವಷ್ಟು ಬೆಳೆದರು.

ಇನ್ನೊಂದು ವಿಷಯ. ಅದು ಗಾಂಧೀಜಿಯ ಚಳುವಳಿಯ ಕಾಲ. ನಾಟಕದವರು ಪುರಾಣದ ಕಥೆಯ ನಡುವೆಯೇ ದೇಶಭಕ್ತಿ ಹಾಡು ಸೇರಿಸಿಬಿಡುತ್ತಿದ್ದರು. ವಳ್ಳಿಯ ಕಥೆ ತಮಿಳು ಜನಕ್ಕೆ ಬಹಳ ಪ್ರೀತಿ. ಅದರಲ್ಲಿ ವಳ್ಳಿ ಅಟ್ಟಣೆಯ ಮೇಲೆ ನಿಂತು ರಾಗಿ ನವಣೆ ಹೊಲದಿಂದ ಹಕ್ಕಿ ಓಡಿಸುತ್ತಾಳೆ. ಹಕ್ಕಿ ಓಡಿಸುವ ಹಾಡಿನಲ್ಲಿ ಬಿಳಿ ಕೊಕ್ಕರೆ ಬಂದರೆ ಸಾಕು, ಯಾವ ಬಿಳಿಯರನ್ನು ಓಡಿಸುತ್ತಿದ್ದಾರೆ ಅಂತ ಜನರಿಗೂ ತಿಳಿಯುತ್ತಿತ್ತು, ಮುಂದಿನ ಸಾಲಿನಲ್ಲಿ ಕೂತ ಪೊಲೀಸಿನವರಿಗೂ ತಿಳಿಯುತ್ತಿತ್ತು. ಆ ಕಾಲದ ಎಷ್ಟೋ ನಟರು ಹೀಗೆ ಹಾಡಿ ಜೈಲಿಗೆ ಹೋದರು. ರಾಜಲಕ್ಷ್ಮಿಯವರೂ ರಂಗದ ಮೇಲೆ ದೇಶಭಕ್ತಿ ಹಾಡು ಹಾಡಿದ್ದಕ್ಕೆ ಬಂಧನಕ್ಕೆ ಒಳಗಾದರು. ಬಿಡಿಸಿಕೊಂಡು ಬಂದ ಮೇಲೆ ಮತ್ತೆ ಹಾಡಿದರು.

ಹೊತ್ತಿಗೆ ಸರಿಯಾಗಿ ಸಿನಿಮಾ ಬಂತು. ಮೊದಲು ಬಂದದ್ದು ಮೂಕಿ ಚಿತ್ರಗಳು, ಮಾತೇ ಇಲ್ಲದವು. ರಾಜಲಕ್ಷ್ಮಿ ಮದರಾಸಿನಲ್ಲಿ ‘ಕೋವಲನ್’ ಮುಂತಾದ ಮೂಕಿ ಚಿತ್ರಗಳಲ್ಲಿ ನಟಿಸಿದರು. ರಾಜಾ ಸ್ಯಾಂಡೋ ಎಂಬ ಪ್ರಸಿದ್ಧ ನಿರ್ದೇಶಕರ ಚಿತ್ರಗಳಲ್ಲೂ ಪಾತ್ರ ಮಾಡಿದರು. ಕಂಠವೇ ಆಸ್ತಿಯಾಗಿದ್ದ ನಟಿಗೆ ಮಾತಿಲ್ಲದ ಸಿನಿಮಾದಿಂದ ಏನು ಸಿಕ್ಕೀತು ಅಂತ ನನಗೆ ಅನ್ನಿಸಿತು. ಆದರೆ ಕ್ಯಾಮೆರಾ ಮುಂದೆ ಹೇಗೆ ನಿಲ್ಲಬೇಕು ಅನ್ನೋದನ್ನು ಅವರು ಕಲಿತದ್ದು ಅಲ್ಲೇ.

1931ರ ಮಾರ್ಚ್ 14ರಂದು ಮುಂಬಯಿಯಲ್ಲಿ ‘ಆಲಂ ಆರಾ’ ಬಿಡುಗಡೆಯಾಯಿತು. ಅದು ಭಾರತದ ಮೊದಲ ಟಾಕಿ. ತೆಗೆದವರು ಇಂಪೀರಿಯಲ್ ಕಂಪನಿಯ ಅರ್ದೇಶಿರ್ ಇರಾನಿ. ಅದು ಗೆದ್ದ ಕೂಡಲೇ ಇರಾನಿಯವರಿಗೆ ದಕ್ಷಿಣದ ಭಾಷೆಯಲ್ಲೂ ಒಂದು ಚಿತ್ರ ತೆಗೆಯುವ ಆಸೆ ಬಂತು. ನಿರ್ದೇಶನದ ಕೆಲಸ ಎಚ್.ಎಂ. ರೆಡ್ಡಿಯವರಿಗೆ ಕೊಟ್ಟರು. ಈ ಎಚ್.ಎಂ. ರೆಡ್ಡಿ ಯಾರು ಅಂದ್ಕೊಂಡಿದ್ದೀರಿ, ನಮ್ಮ ಬೆಂಗಳೂರಿನಲ್ಲಿ ಹುಟ್ಟಿ ಬೆಳೆದವರು! ಅವರು ನಾಯಕಿಯಾಗಿ ಆರಿಸಿದ್ದು ರಾಜಲಕ್ಷ್ಮಿಯವರನ್ನು. ಚಿತ್ರದ ಹೆಸರು ‘ಕಾಳಿದಾಸ್’.

ಕಥೆ ನಮಗೆ ಹೊಸದೇನಲ್ಲ. ಡಾ. ರಾಜ್‌ಕುಮಾರ್ ಅವರ ‘ಕವಿರತ್ನ ಕಾಳಿದಾಸ’ (1983) ನೋಡದವರು ಈ ಊರಲ್ಲಿ ಯಾರೂ ಇಲ್ಲ ಅಂತ ಕಾಣುತ್ತದೆ. ಕೂತ ಕೊಂಬೆಯನ್ನೇ ಕಡಿಯುವ ಕುರುಬನಿಗೆ ಮೋಸದಿಂದ ರಾಜಕುಮಾರಿಯನ್ನು ಮದುವೆ ಮಾಡಿಸುತ್ತಾರಲ್ಲ, ಅದೇ ಕಥೆ. ನಮ್ಮ ಚಿತ್ರದಲ್ಲಿ ಜಯಪ್ರದಾ ಮಾಡಿದ ರಾಜಕುಮಾರಿಯ ಪಾರ್ಟನ್ನು ಅದಕ್ಕೆ 52 ವರ್ಷ ಮುಂಚೆ ಮಾಡಿದವರು ರಾಜಲಕ್ಷ್ಮಿ. ತಮಾಷೆ ಏನಂದ್ರೆ ಆ ಚಿತ್ರದಲ್ಲಿ ನಾಯಕಿ ತಮಿಳು ಮಾತಾಡುತ್ತಾಳೆ, ನಾಯಕ ತೆಲುಗು ಮಾತಾಡುತ್ತಾನೆ. ನಾಯಕನಿಗೆ ತಮಿಳು ಸರಿಯಾಗಿ ಬರುತ್ತಿರಲಿಲ್ಲವಂತೆ. ಒಬ್ಬರ ಮಾತು ಒಬ್ಬರಿಗೆ ಹೇಗೆ ಅರ್ಥವಾಯಿತೋ! ಕಾಳಿದಾಸನ ಕಥೆಗೆ ಸಂಬಂಧವೇ ಇಲ್ಲದಿದ್ದರೂ ನಡುವೆ ತ್ಯಾಗರಾಜರ ಕೀರ್ತನೆ ಬಂತು, ಗಾಂಧೀಜಿಯ ಚರಕದ ಮೇಲೆ ಒಂದು ಹಾಡೂ ಬಂತು. ಜೊತೆಗೆ ರಾಜಲಕ್ಷ್ಮಿಯವರ ಕುರತ್ತಿ ಕುಣಿತವನ್ನೂ ತೋರಿಸಿದರು. ಕುರತ್ತಿ ಅಂದರೆ ಕಣಿ ಹೇಳುವ ಕೊರವಂಜಿ. ಜನ ಇದ್ಯಾವುದಕ್ಕೂ ತಲೆ ಕೆಡಿಸಿಕೊಳ್ಳಲಿಲ್ಲ. ಪರದೆ ಮೇಲಿನ ಬೊಂಬೆ ತಮ್ಮ ಭಾಷೆಯಲ್ಲಿ ಮಾತಾಡುತ್ತಿದೆ, ಹಾಡುತ್ತಿದೆ, ಅವರಿಗೆ ಅಷ್ಟೇ ಸಾಕಾಗಿತ್ತು.

ಆಗಿನ ಟಾಕಿ ತೆಗೆಯುವ ರೀತಿಯನ್ನು ಇಲ್ಲಿ ಸ್ವಲ್ಪ ಹೇಳಲೇಬೇಕು. ಈಗಿನ ಹಾಗೆ ಬೇರೆ ಗಾಯಕಿ ಹಾಡಿ, ನಟಿ ಬಾಯಿ ಆಡಿಸುವ ಪದ್ಧತಿ ಆಗ ಇರಲಿಲ್ಲ. ನಟಿಸುವವರೇ ಅಲ್ಲೇ, ಆಗಲೇ ಹಾಡಬೇಕು. ಮೈಕನ್ನು ಗಿಡದ ಎಲೆ ಮರೆಯಲ್ಲೋ ಹೂಕುಂಡದಲ್ಲೋ ಅಡಗಿಸಿ ಇಡುತ್ತಿದ್ದರು. ಹಾರ್ಮೋನಿಯಂ ತಬಲದವರು ಕ್ಯಾಮೆರಾಕ್ಕೆ ಕಾಣದ ಹಾಗೆ ಪರದೆ ಹಿಂದೆ ಕೂತು ಬಾರಿಸುತ್ತಿದ್ದರು. ನಟಿ ಮೈಕಿನಿಂದ ದೂರ ಸರಿದರೆ ದನಿ ಹೋಯಿತು, ಹತ್ತಿರ ಬಂದು ಕಿರುಚಿದರೆ ಕೆಟ್ಟಿತು. ಹೊರಗಡೆ ಕಾಗೆ ಕೂಗಿದರೂ, ರೈಲು ಹೋದರೂ ಮತ್ತೆ ಮೊದಲಿನಿಂದ. ಅಂಥ ಹೊತ್ತಿನಲ್ಲಿ ನಾಟಕದಿಂದ ಬಂದ ರಾಜಲಕ್ಷ್ಮಿಯಂಥವರೇ ಬೇಕಾಗಿತ್ತು. ಮೂಕಿ ಚಿತ್ರದ ಎಷ್ಟೋ ಚೆಂದದ ನಟಿಯರು ಹಾಡಲು ಬಾರದೆ, ಭಾಷೆ ಬಾರದೆ ಮನೆಗೆ ಹೋದರು.

‘ಕಾಳಿದಾಸ್’ ತಯಾರಾದದ್ದು ಮುಂಬಯಿಯಲ್ಲಿ. ಚಿತ್ರದ ಡಬ್ಬಗಳು ಅಲ್ಲಿಂದ ರೈಲಿನಲ್ಲಿ ಮದರಾಸಿಗೆ ಬಂದವು. ಆ ಡಬ್ಬಗಳನ್ನು ನೋಡುವುದಕ್ಕೇ ಜನ ಸೇರಿದ್ದರಂತೆ! ದೇವರ ಉತ್ಸವದ ಹಾಗೆ ಮೆರವಣಿಗೆಯಲ್ಲಿ ಥಿಯೇಟರಿಗೆ ಒಯ್ದರು. ದಾರಿಯುದ್ದಕ್ಕೂ ಹೂವು ಎರಚಿದರು, ತೆಂಗಿನಕಾಯಿ ಒಡೆದರು, ಊದುಬತ್ತಿ ಹಚ್ಚಿದರು. 1931ರ ಅಕ್ಟೋಬರ್ 31ರಂದು ಕಿನಿಮಾ ಸೆಂಟ್ರಲ್ ಥಿಯೇಟರಿನಲ್ಲಿ ಚಿತ್ರ ಶುರುವಾಯಿತು. ತವರಿಗೆ ವಾಪಸ್ ಕಳಿಸಿದ್ದ ಹುಡುಗಿಯನ್ನು ನೋಡುವುದಕ್ಕೆ ಈಗ ಇಡೀ ಮದರಾಸು ಟಿಕೆಟ್ಟಿಗೆ ಕ್ಯೂ ನಿಂತಿತ್ತು. ಅವರಿಗಿನ್ನೂ ಇಪ್ಪತ್ತು ವರ್ಷ ತುಂಬಿರಲಿಲ್ಲ. ನಮ್ಮ ಕನ್ನಡಕ್ಕೆ ಮೊದಲ ಟಾಕಿ ‘ಸತಿ ಸುಲೋಚನಾ’ ಬಂದದ್ದು ಇದಾದ ಮೇಲೆ, 1934ರಲ್ಲಿ.

ಆಮೇಲೆ ಚಿತ್ರಗಳ ಮೇಲೆ ಚಿತ್ರಗಳು ಬಂದವು. ಎಲ್ಲದರ ಪಟ್ಟಿ ಕೊಟ್ಟರೆ ಈ ಹಾಳೆ ಸಾಲದು. 1933ರ ‘ವಳ್ಳಿ ತಿರುಮಣಂ’ ಒಂದನ್ನು ಮಾತ್ರ ಹೇಳುತ್ತೇನೆ. ಆಗ ಮದರಾಸಿನಲ್ಲಿ ಧ್ವನಿ ಮುದ್ರಿಸುವ ಸ್ಟುಡಿಯೋನೇ ಇರಲಿಲ್ಲ. ತಮಿಳು ಸಿನಿಮಾ ತೆಗೆಯಬೇಕು ಅಂದ್ರೆ ನಟರು, ವಾದ್ಯದವರು, ಅಡುಗೆಯವರ ಸಮೇತ ಮುಂಬಯಿಗೋ ಕಲ್ಕತ್ತೆಗೋ ರೈಲು ಹತ್ತಬೇಕು. ಈ ಚಿತ್ರ ತೆಗೆದದ್ದು ಕಲ್ಕತ್ತೆಯಲ್ಲಿ. ಅದರ ಹಿಂದೆ ಇದ್ದವರು ಕೊಯಮತ್ತೂರಿನ ಸ್ವಾಮಿಕಣ್ಣು ವಿನ್ಸೆಂಟ್. ಅವರು ಮೊದಲು ರೈಲ್ವೆ ನೌಕರ, ಕೆಲಸ ಬಿಟ್ಟು ಟೆಂಟ್ ಹೊತ್ತುಕೊಂಡು ಊರೂರಿಗೆ ಸಿನಿಮಾ ತೋರಿಸಿದವರು. ಚಿತ್ರ ಚೆನ್ನಾಗಿ ಓಡಿತು. ವಳ್ಳಿಯಾಗಿ ರಾಜಲಕ್ಷ್ಮಿ, ನಾರದನಾಗಿ ಟಿ.ವಿ. ಸುಂದರಂ. ಈ ಸುಂದರಂ ಅವರನ್ನೇ ರಾಜಲಕ್ಷ್ಮಿ ತಮ್ಮ ಇಷ್ಟದಿಂದ ಮದುವೆಯಾದರು. ಮೊದಲ ಮದುವೆಯನ್ನು ದೊಡ್ಡವರು ಮಾಡಿದ್ದರು, ಎರಡನೆಯದನ್ನು ಅವರೇ ಮಾಡಿಕೊಂಡರು. ಹೆಣ್ಣಿಗೆ ಎರಡನೇ ಮದುವೆ ಅಂದರೆ ಊರೇ ಕಿವಿ ಮುಚ್ಚಿಕೊಳ್ಳುತ್ತಿದ್ದ ಕಾಲ ಅದು.

ಈಗ ಮುಖ್ಯ ವಿಷಯಕ್ಕೆ ಬರುತ್ತೇನೆ. ರಾಜಲಕ್ಷ್ಮಿ ನಟಿ ಮಾತ್ರ ಆಗಿರಲಿಲ್ಲ, ಕಾದಂಬರಿಗಳನ್ನೂ ಬರೆಯುತ್ತಿದ್ದರು. ಶಾಲೆ ಕಲಿಯುವ ವಯಸ್ಸಿನಲ್ಲಿ ಬಣ್ಣ ಹಚ್ಚಿದವರು ಲೇಖನಿ ಹಿಡಿದು ಕಾದಂಬರಿ ಬರೆದರು ಅಂದ್ರೆ ಅವರೊಳಗೆ ಹೇಳಬೇಕಾದ್ದು ಎಷ್ಟು ಇತ್ತು ನೋಡಿ. ಅವರ ಒಂದು ಕಾದಂಬರಿಯ ಹೆಸರು ‘ಕಮಲವಲ್ಲಿ’. ಇದನ್ನೇ ಅವರು ಸಿನಿಮಾ ಮಾಡಲು ಹೊರಟರು. ಬೇರೆ ಯಾರಿಗೂ ಕೊಡಲಿಲ್ಲ. ತಾವೇ ಕಂಪನಿ ಕಟ್ಟಿದರು, ತಾವೇ ನಿರ್ಮಾಪಕಿ, ತಾವೇ ನಿರ್ದೇಶಕಿ, ತಾವೇ ನಾಯಕಿ. ಹೀಗೆ 1936ರಲ್ಲಿ ಬಂದ ಚಿತ್ರವೇ ‘ಮಿಸ್ ಕಮಲಾ’.

ಆಗ ತೆರೆಯ ಮೇಲೆ ಬರುತ್ತಿದ್ದದ್ದು ಹೆಚ್ಚಾಗಿ ರಾಮ, ಕೃಷ್ಣ, ಹರಿಶ್ಚಂದ್ರ. ಸೀರೆ ಉಟ್ಟ ಸಾಮಾನ್ಯ ಹೆಣ್ಣಿನ ಪ್ರೀತಿ, ಮದುವೆ, ಕಷ್ಟ ಇವುಗಳ ಸಾಮಾಜಿಕ ಚಿತ್ರಗಳು ಆಗಷ್ಟೇ ಶುರುವಾಗುತ್ತಿದ್ದವು. (ಕನ್ನಡದಲ್ಲಿ ಅಂಥ ‘ಸಂಸಾರ ನೌಕ’ ಬಂದದ್ದೂ ಇದೇ 1936ರಲ್ಲಿ. ಅದರ ನಾಯಕಿ ಎಂ.ವಿ. ರಾಜಮ್ಮ ಮುಂದೆ 1943ರಲ್ಲಿ ‘ರಾಧಾರಮಣ’ ತೆಗೆದು ಕನ್ನಡದ ಮೊದಲ ನಿರ್ಮಾಪಕಿ ಆದರು.) ಇಡೀ ಭಾರತದಲ್ಲಿ ಅದಕ್ಕೆ ಮುಂಚೆ ನಿರ್ದೇಶನ ಮಾಡಿದ ಹೆಂಗಸರು ಬೆರಳೆಣಿಕೆ. ಮೊದಲನೆಯವರು ಮುಂಬಯಿಯ ಫಾತ್ಮಾ ಬೇಗಂ, 1926ರಲ್ಲಿ. ಅವರೂ ನಾಟಕದಿಂದ ಬಂದವರೇ. ಆದರೆ ದಕ್ಷಿಣದಲ್ಲಿ ರಾಜಲಕ್ಷ್ಮಿಗಿಂತ ಮುಂಚೆ ಯಾರೂ ಇಲ್ಲ.

ನಿರ್ದೇಶಕ ಅಂದ್ರೆ ಸುಮ್ಮನೆ ಕುರ್ಚಿ ಮೇಲೆ ಕೂರುವುದಲ್ಲ. ಕ್ಯಾಮೆರಾ ಎಲ್ಲಿರಬೇಕು, ಬೆಳಕು ಹೇಗಿರಬೇಕು, ಯಾರು ಎಲ್ಲಿ ನಿಲ್ಲಬೇಕು ಎಲ್ಲ ಹೇಳಬೇಕು. ಲೈಟ್ ಹೊರುವವರಿಂದ ಕ್ಯಾಮೆರಾಮನ್ ತನಕ ಎಲ್ಲರೂ ಗಂಡಸರಾಗಿದ್ದ ಜಾಗದಲ್ಲಿ ಇಪ್ಪತ್ತೈದು ವರ್ಷದ ಹೆಂಗಸು ಅಪ್ಪಣೆ ಕೊಡಬೇಕು, ಅದೂ ಮುಖಕ್ಕೆ ಬಣ್ಣ ಹಚ್ಚಿಕೊಂಡು, ತಾನೂ ನಟಿಸುತ್ತಾ. ಆ ಚಿತ್ರದ ಮೇಲೆ ಅವರಿಗೆ ಎಷ್ಟು ಪ್ರೀತಿ ಇತ್ತು ಅಂದ್ರೆ ಮುಂದೆ ತಮ್ಮ ಸ್ವಂತ ಮಗಳಿಗೂ ನಾಯಕಿಯ ಹೆಸರನ್ನೇ ಇಟ್ಟರು.

ಅವರಿಗೆ ಇನ್ನೊಬ್ಬ ಮಗಳೂ ಇದ್ದಳು, ಹೆತ್ತವಳಲ್ಲ, ಸಾಕಿದವಳು. ಹೆಣ್ಣು ಅನ್ನುವ ಕಾರಣಕ್ಕೆ ಹುಟ್ಟಿದ ಕೂಸನ್ನು ಕೊಲ್ಲುತ್ತಾರೆ ಅಂತ ತಿಳಿದು ರಾಜಲಕ್ಷ್ಮಿ ಆ ಕೂಸನ್ನು ತಾವೇ ತಂದು ಸಾಕಿದರು. ಅವರ ಜೀವನದಲ್ಲಿ ನನಗೆ ತುಂಬಾ ಹಿಡಿಸಿದ್ದು ಇದು. ಮಿಸ್ ಕಮಲಾಗಿಂತಲೂ ಹೆಚ್ಚು.

1938ರಲ್ಲಿ ‘ನಂದಕುಮಾರ್’ ಎಂಬ ಚಿತ್ರದಲ್ಲಿ ಅವರು ಯಶೋದೆಯಾದರು. ಎ.ವಿ. ಮೆಯ್ಯಪ್ಪನ್ ಅಂತ ಮುಂದೆ ಎವಿಎಂ ಸ್ಟುಡಿಯೋ ಕಟ್ಟಿದರಲ್ಲ, ಅವರ ಚಿತ್ರ ಅದು. ಅದೇ ಚಿತ್ರದಲ್ಲಿ ನಟಿಯೊಬ್ಬರಿಗೆ ಬೇರೆ ಗಾಯಕಿ ಹಾಡಿದರು, ತಮಿಳಿನಲ್ಲಿ ಹಿನ್ನೆಲೆ ಗಾಯನ ಶುರುವಾದದ್ದು ಆಗಲೇ. ನನಗನ್ನಿಸುವುದು, ಹಾಡಲು ಬಂದರೆ ಮಾತ್ರ ನಟಿ ಅನ್ನುವ ಕಾಲ ಅಲ್ಲಿಂದ ಹೋಗುತ್ತಾ ಬಂತು. ಹಾಡಿನಿಂದಲೇ ಬಾಳು ಕಟ್ಟಿಕೊಂಡವರು ಆ ಚಿತ್ರದಲ್ಲೇ ಇದ್ದರು, ನೋಡಿ.

1939ರ ಸುಮಾರಿಗೆ ‘ಮಧುರೈ ವೀರನ್’ ಎಂಬ ಚಿತ್ರವನ್ನೂ ರಾಜಲಕ್ಷ್ಮಿ ನಿರ್ದೇಶಿಸಿದರು. ಇದು ಮಧುರೆ ಕಡೆಯ ಜನಪದ ವೀರನ ಕಥೆ. ಇದೇ ಕಥೆಯನ್ನು 1956ರಲ್ಲಿ ಎಂ.ಜಿ.ಆರ್. ಹಾಕಿಕೊಂಡು ಮತ್ತೆ ತೆಗೆದಾಗ ಭರ್ಜರಿಯಾಗಿ ಓಡಿತು. ರಾಜಲಕ್ಷ್ಮಿಗೆ ಮಾತ್ರ ಚಿತ್ರ ನಿರ್ಮಾಣದಿಂದ ದುಡ್ಡು ಬರಲಿಲ್ಲ, ಹೋಯಿತು. ನಟಿಯಾಗಿ ಗಳಿಸಿದ್ದನ್ನು ನಿರ್ಮಾಪಕಿಯಾಗಿ ಕಳೆದರು. ಹೊಸ ನಟಿಯರು ಬಂದರು, ಅವರಿಗೆ ಪಾತ್ರಗಳು ಕಡಿಮೆಯಾದವು, ಆಸ್ತಿ ಕರಗಿತು. ಕೊನೆಯ ವರ್ಷಗಳಲ್ಲಿ ಸಿನಿಮಾ ರಾಣಿ ಎಲ್ಲಿದ್ದಾರೆ ಅಂತ ಕೇಳುವವರೂ ಹೆಚ್ಚು ಇರಲಿಲ್ಲ. 1960ರ ನಂತರ ಕಲೈಮಾಮಣಿ ಎಂಬ ಪ್ರಶಸ್ತಿ ಬಂತು. 1964ರಲ್ಲಿ ತೀರಿಕೊಂಡರು. ಅರವತ್ತೂ ತುಂಬಿರಲಿಲ್ಲ.

ಇಷ್ಟೆಲ್ಲ ಓದಿದ ಮೇಲೆ ನನಗೂ ಆ ಚಿತ್ರಗಳನ್ನು ಒಮ್ಮೆ ನೋಡಬೇಕು ಅನ್ನಿಸಿತು. ಆದರೆ ‘ಕಾಳಿದಾಸ್’ ಚಿತ್ರದ ಒಂದು ಪ್ರಿಂಟೂ ಉಳಿದಿಲ್ಲ. ‘ಮಿಸ್ ಕಮಲಾ’ ಕೂಡ ಇಲ್ಲ. ಆಗಿನ ಫಿಲಂ ಬೇಗ ಹಾಳಾಗುವಂಥದ್ದು, ಬೇಗ ಬೆಂಕಿ ಹಿಡಿಯುವಂಥದ್ದು. ಅದರಲ್ಲಿ ಬೆಳ್ಳಿಯ ಅಂಶ ಇರುತ್ತಿದ್ದುದರಿಂದ ಹಳೆಯ ರೀಲುಗಳನ್ನು ಕರಗಿಸಿ ಮಾರಿಕೊಂಡವರೂ ಇದ್ದರು. ಹೂವು ಎರಚಿ, ಕಾಯಿ ಒಡೆದು ಬರಮಾಡಿಕೊಂಡ ಡಬ್ಬಗಳು ಕಡೆಗೆ ಯಾವ ಗುಜರಿಗೆ ಹೋದವೋ! ಥಿಯೇಟರ್ ಮುಂದೆ ಕಾಸಿಗೆ ಮಾರುತ್ತಿದ್ದ ಹಾಡಿನ ಪುಸ್ತಕಗಳು, ಕೆಲವು ಕಪ್ಪು ಬಿಳುಪು ಫೋಟೋಗಳು ಮಾತ್ರ ಸಿಗುತ್ತವೆ. ಈ ಹಾಳೆಯ ಮೇಲೆ ಬಲಗಡೆ ಪೆನ್ಸಿಲಿನಲ್ಲಿ ಬರೆದಿರುವ ಚಿತ್ರ ಅಂಥ ಒಂದು ಫೋಟೋ ನೋಡಿ ಬರೆದದ್ದು. ಮೂಗುತಿ ಸ್ವಲ್ಪ ದೊಡ್ಡದಾಯಿತು, ಕ್ಷಮಿಸಿ.